ದಪ್ಪು, ತುಂತುಣಿ, ಮಂತ್ರಶಕ್ತಿ: ಯುವ ಬರಹಗಾರ್ತಿಗೆ ಒಂದು ಪತ್ರ

ಚಿರಂಜೀವಿ ತಂಗಿಗೆ,

ಬಾಗಲಕೋಟೆಯಿಂದ ಆಶೀರ್ವಾದಗಳು.

ನಿನ್ನ ಕಾದಂಬರಿಯ ನಾಲ್ಕೂ ಅಧ್ಯಾಯ ಓದಿದೆ. ಹೊಳೆ ಬಂದಾಗ ಗೀಗೀ ಎಂಬ ಜನಪದ ಹಾಡಿನ ಮೇಳ ಹಾಡಿ ಘಟಪ್ರಭೆಯನ್ನು ತಡೆಯುತ್ತದೆ ಎಂಬ ಕಲ್ಪನೆ ಬಹಳ ಹಿಡಿಸಿತು. ಆದರೆ ಮೂರನೇ ಅಧ್ಯಾಯದಲ್ಲಿ "ಅವಳು ದಪ್ಪು ಬಾರಿಸಿದಳು, ನೀರು ನಿಂತಿತು" ಎಂದಷ್ಟೇ ಬರೆದು ಮುಂದೆ ಹೋಗಿದ್ದೀಯ. ಆ ಚರ್ಮವಾದ್ಯದ ಯಾವ ಪೆಟ್ಟಿಗೆ ನಿಂತಿತು? ಆ ಪೆಟ್ಟು ತಪ್ಪಿದ್ದರೆ? ವಾದ್ಯಕ್ಕೆ, ಕೊರಳಿಗೆ, ಕಾಲಿಗೆ ಯಾವುದು ನಿಜವಾಗಿ ಕಷ್ಟವೋ ನಿನ್ನ ಮಂತ್ರಕ್ಕೂ ಅದೇ ಕಷ್ಟವಾಗಬೇಕು. ಬೇರೆ ನಿಯಮ ಹುಡುಕಬೇಡ.

ಹಿಂದುಸ್ತಾನಿ ತಾಳದಿಂದ ಶುರು ಮಾಡು. ಆವರ್ತನದುದ್ದಕ್ಕೂ, ಅಂದರೆ ತಾಳದ ಒಂದು ಸುತ್ತಿನುದ್ದಕ್ಕೂ ಶಕ್ತಿ ಕೂಡುತ್ತಾ ಹೋಗಲಿ, ಸಮ್ ಮೇಲೆ, ಅಂದರೆ ಸುತ್ತಿನ ಮೊದಲ ಎಣಿಕೆಯ ಮೇಲೆ ಮಾತ್ರ ಹೊರಬೀಳಲಿ. ತೀನ್‌ತಾಲಕ್ಕೆ 16 ಮಾತ್ರೆ, ಅಂದರೆ 16 ಎಣಿಕೆ. ನಿಮಿಷಕ್ಕೆ 120 ಮಾತ್ರೆಯ ಲಯವಾದರೆ ಒಂದು ಆವರ್ತನಕ್ಕೆ 8 ಸೆಕೆಂಡು, 60ರ ಲಯವಾದರೆ 16. ಒಡ್ಡು ಒಡೆಯುವಾಗ ನಾಯಕಿ ಎಷ್ಟು ಹೊತ್ತು ತಾಳಿಕೊಳ್ಳಬೇಕು ಎಂಬುದು ಅಲ್ಲಿಗೆ ಗೊತ್ತಾಯಿತು. ದೊಡ್ಡ ಕೆಲಸಕ್ಕೆ ತಿಹಾಯಿ ಇಡು: ಒಂದೇ ತುಣುಕು ಮೂರು ಸಲ, ಕೊನೆಯ ಪೆಟ್ಟು ಸಮ್ ಮೇಲೆ. ಐದು ಮಾತ್ರೆಯ ತುಣುಕು, ನಡುವೆ ಒಂದೊಂದು ಮಾತ್ರೆ ಬಿಡುವು: 5+1+5+1+5, ಒಟ್ಟು 17. ಮೊದಲ ಮಾತ್ರೆಗೆ ಎತ್ತಿಕೊಂಡರೆ ಹದಿನೇಳನೆಯದೇ ಮುಂದಿನ ಸಮ್. ಗಾಬರಿಯಲ್ಲಿ ಒಂದು ಬಿಡುವು ನುಂಗಿದಳೋ, ತಿಹಾಯಿ 16ಕ್ಕೇ ಮುಗಿಯುತ್ತದೆ. ಕೂಡಿಸಿದ ಶಕ್ತಿ ಅವಳ ಮುಂಗೈಗೇ ತಿರುಗಿ ಬಡಿಯಲಿ. ಗೀಗೀ ಪದದ ನಡೆ ಇದಕ್ಕಿಂತ ಸರಳ. ಈ ಲೆಕ್ಕ ನಿನ್ನ ಕಲ್ಪನೆಯ ಮೇಳಕ್ಕೆ. ಖಳನಿಗೆ ರೂಪಕ ತಾಳ ಕೊಡು. 7 ಮಾತ್ರೆ, 3+2+2, ಅದರ ಸಮ್ ಬೀಳುವುದೇ ಖಾಲಿಯ ಮೇಲೆ, ಅಂದರೆ ಚಪ್ಪಾಳೆ ಹಾಕದೆ ಕೈ ಬೀಸುವ ಕಡೆ. ಬೇರೆಯವರು ಹಾಕಿದ ಮಂತ್ರದ ಕಟ್ಟು ಬಿಡಿಸಲು ಅದಕ್ಕಿಂತ ತಕ್ಕ ತಾಳ ನನಗೆ ಕಾಣದು.

ಮೇಳದಲ್ಲಿ ಮುಂದೆ ಹಾಡುವವಳ ಕೈಯಲ್ಲಿ ದಪ್ಪು, ಹಿಂದಿನವರ ಕೈಯಲ್ಲಿ ಒಂಟಿ ತಂತಿಯ ತುಂತುಣಿ ಮತ್ತು ತಾಳದ ಬಟ್ಟಲು. ಅವಳು ನುಡಿ ಮುಗಿಸಿದ ಕೂಡಲೇ ಹಿಂದಿನವರು ಗೀಗೀ ಸೊಲ್ಲು ಹಿಡಿಯುತ್ತಾರೆ. ಅವಳಿಗೆ ಉಸಿರು ಎಳೆದುಕೊಳ್ಳಲು ಸಿಗುವುದು ಅಷ್ಟೇ ಹೊತ್ತು. ನಿನ್ನ ಹಗೆಗಳು ಹಾಡುಗಾರ್ತಿಯ ಮೇಲೆ ಏಕೆ ಬೀಳುತ್ತಾರೆ? ತುಂತುಣಿಯವನನ್ನು ಎಳೆದೊಯ್ದರೆ ಸಾಕಲ್ಲ, ಎರಡನೇ ನುಡಿಗೆ ಅವಳ ಉಸಿರು ಕಟ್ಟುತ್ತದೆ. ಒಂದು ಮಾತು: ತುಂತುಣಿಯ ಜಾಗದಲ್ಲಿ ಚೌಡಿಕೆಯನ್ನು ತರಬೇಡ. ಸವದತ್ತಿ ಎಲ್ಲಮ್ಮನ ಭಕ್ತರಿಗೆ ಅದು ಪೂಜೆಯ ವಾದ್ಯ, ಅದನ್ನು ಕಾದಾಟಕ್ಕೆ ಎಳೆಯುವುದು ನನಗೆ ಸರಿ ಕಾಣುವುದಿಲ್ಲ.

ಇನ್ನು ಚರ್ಮ. ನಿನ್ನ ಕಥೆಯ ದೊಡ್ಡ ಶಕ್ತಿ ಇಲ್ಲೇ ಇದೆ, ನೀನು ನೋಡಿಲ್ಲ. ಹೊಳೆ ಬರುವುದು ಮಳೆಗಾಲದಲ್ಲಿ. ಚರ್ಮ ತೇವ ಹೀರಿ ಸಡಿಲಾಗುವುದೂ ಆಗಲೇ. ಸಡಿಲಾದ ದಪ್ಪಿನ ನಾದ ಇಳಿಯುತ್ತದೆ, ಪೆಟ್ಟು ಬಡ್ ಎಂದು ಸಾಯುತ್ತದೆ. ಬೆಂಕಿಗೆ ಹಿಡಿದು ಕಾಯಿಸಬೇಕು. ಹಿಡಿಯುವ ರೀತಿಯನ್ನು ಬರೆ: ಉರಿಗೆ ತಾಗಿಸದೆ, ಒಂದೇ ಕಡೆ ನಿಲ್ಲಿಸದೆ, ಸುತ್ತಲೂ ತಿರುಗಿಸುತ್ತಾ, ನಡುನಡುವೆ ಬೆರಳಿನಿಂದ ತಟ್ಟಿ ನಾದ ಏರಿದೆಯೇ ಎಂದು ಕೇಳುತ್ತಾ. ಅತಿಯಾಗಿ ಕಾದರೆ ಚರ್ಮ ಬಿರಿಯುತ್ತದೆ. ಸುರಿಯುವ ಮಳೆಯಲ್ಲಿ ಉರಿ ಹಾಕಲು ಒಣ ಕಣಕಿ, ಜೋಳದ ದಂಟು, ಯಾರ ಮನೆಯಲ್ಲಿದೆ? ಆ ಮನೆಯವರಿಗೂ ಇವಳ ಮೇಳಕ್ಕೂ ಮಾತುಕತೆ ಇದೆಯೇ? ಒಂದಿಡೀ ಅಧ್ಯಾಯಕ್ಕೆ ಸಾಕಾಗುವಷ್ಟು ಜಗಳ ಇದರಲ್ಲಿದೆ.

ಕುಣಿತ ದಿಕ್ಕನ್ನು ತೋರಿಸಲಿ, ಅಷ್ಟು ಸಾಕು. ಎರೆ ಮಣ್ಣು ನೆನೆದರೆ ಕಾಲಿಗೆ ಮೆತ್ತಿಕೊಳ್ಳುತ್ತದೆ, ಹೆಜ್ಜೆ ತಡವಾಗುತ್ತದೆ, ಗೆಜ್ಜೆಯ ಸದ್ದು ಅಡಗುತ್ತದೆ. ಆಗ ನೀರು ಊರ ಬದಲು ಹೊಲಕ್ಕೆ ನುಗ್ಗಬಹುದು.

ದೂರದ ಲೆಕ್ಕ ಬಿಟ್ಟಿದ್ದೀಯ. ಸದ್ದು ಸೆಕೆಂಡಿಗೆ ಸುಮಾರು 340 ಮೀಟರ್ ಹೋಗುತ್ತದೆ. 120ರ ಲಯದಲ್ಲಿ ಒಂದು ಮಾತ್ರೆ ಅರ್ಧ ಸೆಕೆಂಡು. 170 ಮೀಟರ್ ಆಚೆಯ ದಂಡೆಯವರಿಗೆ ಪೆಟ್ಟು ಕೇಳುವುದೇ ಒಂದು ಮಾತ್ರೆ ತಡವಾಗಿ. ಅವರು ಕೇಳಿ ಚಪ್ಪಾಳೆ ಹಾಕಿದರೆ ಕೆಲಸ ಕೆಡುತ್ತದೆ. ದೀವಟಿಗೆ ಬೀಸುವುದನ್ನು ನೋಡಿ ಹಾಕಲಿ. ನಾಲ್ಕನೇ ಅಧ್ಯಾಯವನ್ನು ವಿಜಯಪುರದ ಗೋಳಗುಮ್ಮಟಕ್ಕೆ ಒಯ್ದಿದ್ದೀಯ, ಒಳ್ಳೆಯದು. ಆದರೆ ಆ ಗುಮ್ಮಟದ ಕೆಳಗೆ ಒಂದು ಚಪ್ಪಾಳೆ ಹಲವು ಸಲ ಮರುದನಿಸುತ್ತದೆ. ಅಲ್ಲಿ ತಿಹಾಯಿ ಬಾರಿಸಿದರೆ ಯಾವುದು ಅವಳ ಪೆಟ್ಟು, ಯಾವುದು ಗೋಡೆಯದು ಎಂದು ತಿಳಿಯದೆ ಎಣಿಕೆ ಕಲಸಿಹೋಗುತ್ತದೆ. ಅಲ್ಲಿ ದಪ್ಪು ಕೆಳಗಿಡಲಿ, ತಾಳವಿಲ್ಲದ ಆಲಾಪ ಹಾಡಲಿ.

ಮಂತ್ರಕ್ಕೆ ಬೆಲೆಯಾಗಿ ಆಯುಷ್ಯ ಕಳೆಯುವುದು ಬೇಡ. ಓದುಗರಿಗೆ ಅದು ಕಣ್ಣಿಗೆ ಕಾಣುವುದಿಲ್ಲ. ಗಂಟಲು ಕಟ್ಟಲಿ. ಮರುದಿನ ಮಗುವನ್ನು ಕರೆಯಲೂ ದನಿ ಬಾರದಿರಲಿ.

ಮಾತ್ರೆಗಳ ಎಣಿಕೆ ನಿನ್ನ ಟಿಪ್ಪಣಿಯಲ್ಲೇ ಇರಲಿ, ಕಾದಂಬರಿಗೆ ಬರುವುದು ಬೇಡ. ಓದುಗರಿಗೆ ಮೂರು ಸಂಗತಿ ಮೊದಲೇ ತಿಳಿದಿದ್ದರೆ ಸಾಕು: ಶಕ್ತಿ ಸಮ್‌ಗೆ ಹೊರಬೀಳುತ್ತದೆ, ತಿಹಾಯಿ ಮೂರು ಸಲ, ತಪ್ಪಿದರೆ ಕೈಗೆ ಪೆಟ್ಟು. ಇದನ್ನು ಮೊದಲ ಅಧ್ಯಾಯದಲ್ಲಿ ಕೊಡ ತುಂಬಿಸುವಂಥ ಸಣ್ಣ ಕೆಲಸದಲ್ಲಿ ತೋರಿಸು. ಆಮೇಲೆ ಪ್ರವಾಹದ ದೃಶ್ಯವನ್ನು ಕೈತಾಳ ಹಾಕುತ್ತಾ ಗಟ್ಟಿಯಾಗಿ ಓದು. ಎಲ್ಲಿ ಕೈ ತಡವರಿಸುತ್ತದೋ ಆ ವಾಕ್ಯವನ್ನು ತುಂಡು ಮಾಡು. ತಿದ್ದಿದ ಮೂರನೇ ಅಧ್ಯಾಯ ಕಳಿಸುವಾಗ ಮಾತ್ರೆಯ ಲೆಕ್ಕದ ಹಾಳೆಯನ್ನೂ ಜೊತೆಗಿಡು.

ನಿನ್ನ ಅಕ್ಕ