ಚೀಸ್ ಬಿಸ್ಕತ್ತಿನ ಡಬ್ಬಿ ಒಡೆಯುವ ಮೊದಲು ಓದಿ

ಡೇಟನ್, ಒಹಾಯೊ

ತೀರ್ಥರೂಪು ಅಪ್ಪನಿಗೆ,

ಶುಭಾ ಮಾಡುವ ನಮಸ್ಕಾರಗಳು. ನಾವೆಲ್ಲ ಇಲ್ಲಿ ಆರಾಮಾಗಿದ್ದೇವೆ. ನಿಮ್ಮ ಬಿಪಿ ಹೇಗಿದೆ? ಅಮ್ಮನ ಮಂಡಿ ನೋವು ಕಮ್ಮಿ ಆಯ್ತಾ?

ವಾಣಿ ಶಿವಮೊಗ್ಗಕ್ಕೆ ಹೊರಟಿದ್ದಾಳೆ. ಬಾದಾಮಿ, ನಿಮ್ಮ ವಿಟಮಿನ್ ಮಾತ್ರೆ, ಜೊತೆಗೆ ಮೂರು ಥರದ ಚೀಸ್ ಬಿಸ್ಕತ್ತು ಅವಳ ಕೈಲಿ ಕೊಟ್ಟಿದ್ದೇನೆ. ಮೊನ್ನೆ ಫೋನಿನಲ್ಲಿ ಎಲ್ಲರೂ ಒಟ್ಟಿಗೆ ಪ್ರಶ್ನೆ ಕೇಳಿದಿರಿ. ಮೀನಿನ ಆಕಾರದ್ದರಲ್ಲಿ ಮೀನು ಇದೆಯಾ ಅಂತ ಅಜ್ಜಿ, ಬರೀ ಬಣ್ಣನಾ ನಿಜವಾದ ಚೀಸಾ ಅಂತ ಅಮ್ಮ, ಉಪ್ಪು ಎಷ್ಟಿದೆ ಅಂತ ನೀವು. ಅಷ್ಟರಲ್ಲಿ ಲೈನ್ ಕಟ್ ಆಯ್ತು. ಅದಕ್ಕೇ ಈ ಕಾಗದ. ಡಬ್ಬಿ ಒಡೆಯುವ ಮೊದಲು ಓದಿಬಿಡಿ.

ಕೆಂಪು ಡಬ್ಬಿಯದು ಚೀಜ್-ಇಟ್. ಇದು ನಮ್ಮ ಡೇಟನ್ನಿನದೇ ಬಿಸ್ಕತ್ತು. ಡೇಟನ್ ಅಂದರೆ ನಿಮಗೆ ವಿಮಾನದ ರೈಟ್ ಸಹೋದರರು ನೆನಪಾಗುತ್ತಾರೆ, ಗೊತ್ತು. ಆದರೆ ಈ ಊರಿನಿಂದ ಹೊರಟು ಅಮೆರಿಕದ ಅಡುಗೆಮನೆಗಳಿಗೆಲ್ಲ ಹೋಗಿದ್ದು ಈ ಪುಟ್ಟ ಚೌಕ. 1841ರಲ್ಲಿ ವುಲ್ಫ್ ಎಂಬ ಡಾಕ್ಟರು ಇಲ್ಲಿ ಬೆಣ್ಣೆ ಹಾಕಿದ ಒಂದು ಗಟ್ಟಿ ಬಿಸ್ಕತ್ತು ಮಾಡುತ್ತಿದ್ದರಂತೆ. ಹೊಟ್ಟೆಗೆ ಒಳ್ಳೆಯದು ಅನ್ನುವುದು ಅವರ ನಂಬಿಕೆ. ಆ ವ್ಯಾಪಾರ ಮುಂದೆ ಗ್ರೀನ್ ಅಂಡ್ ಗ್ರೀನ್ ಎಂಬ ಕಂಪನಿಯ ಕೈಗೆ ಬಂತು. ಮೊದಲ ಮಹಾಯುದ್ಧದಲ್ಲಿ ಅವರು ಸೈನಿಕರಿಗೆ ಒಣ ಬಿಸ್ಕತ್ತು ಮಾಡಿ ಕಳಿಸುತ್ತಿದ್ದರು. ಯುದ್ಧ ಮುಗಿದ ಮೇಲೆ, 1921ರ ಮೇ ತಿಂಗಳಲ್ಲಿ, ಚೀಜ್-ಇಟ್ ಬಂತು.

ಆಗ ಅದನ್ನು ಮಾರಿದ ರೀತಿ ನನಗೆ ತುಂಬಾ ಇಷ್ಟ. ವೇಲ್ಸ್ ಕಡೆ ರೇರ್‌ಬಿಟ್ ಅಂತ ಒಂದು ತಿಂಡಿ ಇದೆ. ಚೀಸ್ ಕರಗಿಸಿ, ಕೆಲವರು ಅದಕ್ಕೆ ಬಿಯರ್ ಸೇರಿಸಿ, ಸುಟ್ಟ ಬ್ರೆಡ್ಡಿನ ಮೇಲೆ ಸುರಿಯುತ್ತಾರೆ. ಖರ್ಚು ಕಮ್ಮಿ, ಹೊಟ್ಟೆ ತುಂಬುತ್ತದೆ. ಅದೇ ರೇರ್‌ಬಿಟ್ಟನ್ನು ಬೇಯಿಸಿ ಡಬ್ಬಿಗೆ ಹಾಕಿದ್ದೇವೆ ಅಂತ ಇವರ ಜಾಹೀರಾತು. ಒಲೆ ಹಚ್ಚುವ ಕೆಲಸವೂ ಇಲ್ಲ.

ಡಬ್ಬಿಯ ಹಿಂಭಾಗ ನೀವು ಹೇಗೂ ಓದುತ್ತೀರಿ, ಅಲ್ವಾ? ಕಂಪನಿ ಹೆಸರು ನೋಡಿ ಗೊಂದಲ ಆಗಬಾರದು ಅಂತ ಹೇಳ್ತೀನಿ. 1932ರಲ್ಲಿ ಲೂಸ್-ವೈಲ್ಸ್ ಕಂಪನಿ ಗ್ರೀನ್ ಅಂಡ್ ಗ್ರೀನನ್ನು ಕೊಂಡಿತು. ಅದೇ ಕಂಪನಿ 1946ರಲ್ಲಿ ಸನ್‌ಶೈನ್ ಅಂತ ಹೆಸರು ಬದಲಿಸಿಕೊಂಡಿತು. 1996ರಲ್ಲಿ ಸನ್‌ಶೈನನ್ನು ಕೀಬ್ಲರ್ ತಗೊಂಡಿತು, 2001ರಲ್ಲಿ ಕೀಬ್ಲರನ್ನು ಕೆಲಾಗ್ಸ್ ತಗೊಂಡಿತು. 2023ರಲ್ಲಿ ಕೆಲಾಗ್ಸ್ ಎರಡು ಪಾಲಾದಾಗ ಇದು ಕೆಲನೋವಾ ಪಾಲಿಗೆ ಹೋಯಿತು. ಮರುವರ್ಷವೇ ಚಾಕೊಲೇಟಿನ ಮಾರ್ಸ್ ಕಂಪನಿ ಕೆಲನೋವಾವನ್ನೂ ಕೊಳ್ಳುವುದಾಗಿ ಹೇಳಿತು. ಇಷ್ಟು ಮನೆ ಬದಲಿಸಿದರೂ ಬಿಸ್ಕತ್ತು ಅದೇ ಚೌಕವಾಗಿಯೇ ಉಳಿದಿದೆ.

ಒಂದು ಬಿಸ್ಕತ್ತು ಕೈಗೆ ತಗೊಂಡು ನೋಡಿ. ಒಂದು ಬದಿ ಸುಮಾರು ಒಂದು ಇಂಚು. ಅಂಚು ಅಂಕುಡೊಂಕು, ನಡುವೆ ಒಂದು ತೂತು. ಅಮ್ಮ ನಿಪ್ಪಟ್ಟು ತಟ್ಟಿ ಫೋರ್ಕಿನಿಂದ ಚುಚ್ಚುತ್ತಾಳಲ್ಲ, ಈ ತೂತೂ ಅದಕ್ಕೇ. ಒಳಗಿನ ಹಬೆ ಹೊರಗೆ ಹೋಗಬೇಕು, ಇಲ್ಲದಿದ್ದರೆ ನಡುವೆ ಉಬ್ಬಿಬಿಡುತ್ತದೆ. ಮುರಿದರೆ ತೆಳು ತೆಳುವಾದ ಪದರಗಳು ಕಾಣುತ್ತವೆ. ಮೇಲೆ ಚೀಸ್ ಪುಡಿ ಉದುರಿಸಿಲ್ಲ, ಹಿಟ್ಟು ಕಲಸುವಾಗಲೇ ಚೀಸ್ ಸೇರಿಸಿದ್ದಾರೆ. ಅದಕ್ಕೇ ಕೈಗೆ ಪುಡಿ ಅಂಟುವುದಿಲ್ಲ. ಬೆಂದ ಚೀಸಿನ ಘಮವೂ ಬರುತ್ತದೆ. ಡಬ್ಬಿಯಲ್ಲಿ ಅಲ್ಲೊಂದು ಇಲ್ಲೊಂದು ಜಾಸ್ತಿ ಕೆಂಪಗೆ ಬೆಂದಿರುವುದು ಸಿಗುತ್ತದೆ. ನಮ್ಮ ಮನೆಯಲ್ಲಿ ಅದಕ್ಕೇ ಜಗಳ. ಅದನ್ನು ಇಷ್ಟಪಡುವವರು ಜಾಸ್ತಿ ಇದ್ದಾರೆ ಅಂತ ಕಂಪನಿಯವರಿಗೂ ಗೊತ್ತಾಗಿದೆ. ಬೇಕಂತಲೇ ಹೆಚ್ಚು ಸುಟ್ಟಿದ್ದನ್ನು ಬೇರೆ ಡಬ್ಬಿಯಲ್ಲಿ ಮಾರುತ್ತಾರೆ.

ಅಮ್ಮನಿಗೆ ಹೇಳಿ, ಚೀಸ್ ನಿಜವಾದದ್ದೇ. ಬಣ್ಣವೂ ಇದೆ. ಆದರೆ ಅದು ಅನಾಟೊ ಬೀಜದ ರಸ ಮತ್ತು ಪ್ಯಾಪ್ರಿಕಾ, ಅಂದರೆ ಖಾರ ಇಲ್ಲದ ಕೆಂಪು ಮೆಣಸಿನ ಪುಡಿ. ಮುಳ್ಳು ಮುಳ್ಳು ಕಾಯಿಯೊಳಗೆ ಕೆಂಪು ಬೀಜ ಬಿಡುವ ಗಿಡ ನೋಡಿದ್ದೀರಲ್ಲ, ಕೈಗೆ ಹಚ್ಚಿದರೆ ಬಣ್ಣ ಹತ್ತುತ್ತದೆ, ಅದೇ ಅನಾಟೊ. ಹಾಲಿನಿಂದ ಚೀಸ್ ಇಷ್ಟು ಕೇಸರಿಯಾಗಿ ಬರುವುದಿಲ್ಲ.

ಈಗ ಮೀನು. ಗೋಲ್ಡ್‌ಫಿಶ್ ಹುಟ್ಟಿದ್ದು ಅಮೆರಿಕದಲ್ಲಲ್ಲ, ಸ್ವಿಟ್ಜರ್‌ಲೆಂಡಿನಲ್ಲಿ. ಎಮೆಂಟಾಲ್ ಕಣಿವೆಯಲ್ಲಿ ಕಾಂಬ್ಲಿ ಎಂಬ ಬಿಸ್ಕತ್ತು ಮನೆತನ ಇದೆ. (ನಮ್ಮ ಕ್ರಿಕೆಟಿನ ಕಾಂಬ್ಳಿಗೂ ಇವರಿಗೂ ಸಂಬಂಧ ಇಲ್ಲ, ತಮ್ಮನಿಗೆ ಮೊದಲೇ ಹೇಳಿಬಿಡಿ.) 1958ರಲ್ಲಿ ಆಸ್ಕರ್ ಕಾಂಬ್ಲಿ ಇದನ್ನು ಮಾಡಿದರು. ಹೆಂಡತಿಯದು ಮೀನ ರಾಶಿ, ಅದಕ್ಕೇ ಮೀನಿನ ಆಕಾರ ಕೊಟ್ಟರು ಅಂತ ಕತೆ ಹೇಳುತ್ತಾರೆ. ರಾಶಿಯ ವಿಷಯ ಕೇಳಿದರೆ ಅಜ್ಜಿಗೆ ಸ್ವಲ್ಪ ಸಮಾಧಾನ ಆಗಬಹುದೇನೋ.

ಅಮೆರಿಕಕ್ಕೆ ತಂದವರು ಮಾರ್ಗರೆಟ್ ರಡ್ಕಿನ್. ಇವರ ಬಗ್ಗೆ ನಿಮಗೆ ಹೇಳಲೇಬೇಕು. ಮಗನಿಗೆ ಉಬ್ಬಸ. ಅಂಗಡಿ ಬ್ರೆಡ್ಡು ಬೇಡ ಅಂತ 1937ರಲ್ಲಿ ಮನೆಯಲ್ಲೇ ಗೋಧಿ ಬ್ರೆಡ್ಡು ಸುಡಲು ಶುರು ಮಾಡಿದರು. ಡಾಕ್ಟರೇ ಬೇರೆ ರೋಗಿಗಳಿಗೂ ಬೇಕು ಅಂದರು. ಹಾಗೇ ಅದು ಪೆಪ್ಪರಿಡ್ಜ್ ಫಾರ್ಮ್ ಎಂಬ ದೊಡ್ಡ ಕಂಪನಿ ಆಯಿತು. 1961ರಲ್ಲಿ ಅದನ್ನು ಸೂಪಿನ ಕ್ಯಾಂಪ್‌ಬೆಲ್ ಕಂಪನಿಗೆ ಮಾರಿದರು. ಸುಮ್ನೆ ದುಡ್ಡು ಎಣಿಸಿಕೊಂಡು ಮನೆಗೆ ಹೋಗಲಿಲ್ಲ, ಆ ಕಂಪನಿಯ ನಿರ್ದೇಶಕ ಮಂಡಳಿಯಲ್ಲಿ ಕೂತರು. ಅಲ್ಲಿ ಕೂತ ಮೊದಲ ಹೆಂಗಸು ಇವರೇ. ಮರುವರ್ಷ, 1962ರಲ್ಲಿ, ಸ್ವಿಸ್ ಮೀನು ಅಮೆರಿಕದ ಅಂಗಡಿಗೆ ಬಂತು. ಈಗ ಎಲ್ಲರೂ ತಿನ್ನುವ ಚೆಡ್ಡಾರ್ ರುಚಿ ಬಂದದ್ದು 1966ರಲ್ಲಿ. ಮೊದಮೊದಲು ಇದು ದೊಡ್ಡವರ ತಿಂಡಿ, ಪಾರ್ಟಿಯಲ್ಲಿ ಕುಡಿಯುವವರ ಮುಂದೆ ಬಟ್ಟಲಲ್ಲಿ ಇಡುತ್ತಿದ್ದರು. ಮಕ್ಕಳ ಡಬ್ಬಿಗೆ ಇಳಿದದ್ದು ಆಮೇಲೆ. 1997ರಲ್ಲಿ ಮೀನಿಗೆ ಕಣ್ಣು, ನಗು ಬಂತು. ಎಲ್ಲ ಮೀನೂ ನಗುವುದಿಲ್ಲ. ಅದಿತಿ ನಗದವನ್ನು ಮೊದಲು ಆರಿಸಿ ತಿಂದು, ನಗುವವನ್ನು ಕೊನೆಗೆ ಇಟ್ಟುಕೊಳ್ಳುತ್ತಾಳೆ.

ಮಕ್ಕಳದೇ ತಿಂಡಿ ಅನ್ನುವ ಹೆಸರು ಈಗ ಕಂಪನಿಗೇ ಬೇಡವಾಗಿದೆ ಅನ್ಸುತ್ತೆ. 2024ರಲ್ಲಿ ಸ್ವಲ್ಪ ದಿನ ಇದೇ ಬಿಸ್ಕತ್ತನ್ನು ‘ಚಿಲಿಯನ್ ಸೀ ಬಾಸ್’ ಅಂತ ದುಬಾರಿ ಮೀನಿನ ಹೆಸರಿಟ್ಟು ಆನ್‌ಲೈನಿನಲ್ಲಿ ಮಾರಿದರು. ಒಳಗಿರುವುದು ಅದೇ ಸರಕು!

ತಿಂದು ನೋಡಿದರೆ ನಿಮಗೆ ಪಾರ್ಲೆ ಚೀಸ್‌ಲಿಂಗ್ಸ್ ನೆನಪಾಗುತ್ತದೆ. ನಾವು ಚಿಕ್ಕವರಿದ್ದಾಗ ಸಂಬಳದ ದಿನ ತರುತ್ತಿದ್ದಿರಲ್ಲ, ಉಬ್ಬಿದ ಪುಟ್ಟ ಚೌಕಗಳು. ಗೋಲ್ಡ್‌ಫಿಶ್ಶೂ ಹಾಗೇ ಉಬ್ಬಿದ್ದು, ಒಳಗೆ ಟೊಳ್ಳು. ಬಾಯಿಗೆ ಹಾಕಿದರೆ ಗರಿಗರಿ ಅಂದು ಮುಗಿದುಹೋಗುತ್ತದೆ. ಚೀಸ್‌ಗಿಂತ ಮೊದಲು ಉಪ್ಪು ಗೊತ್ತಾಗುತ್ತದೆ. ಇದರಲ್ಲಿ ಈರುಳ್ಳಿ ಪುಡಿಯೂ ಇದೆ, ಚೀಜ್-ಇಟ್ಟಿನಲ್ಲಿ ಇಲ್ಲ. ಚಾತುರ್ಮಾಸ ಮಾಡುವವರಿಗೆ ಇಷ್ಟು ಸಾಕಲ್ಲ?

ಅಜ್ಜಿಗೆ ಉತ್ತರ: ಮೀನು ಇಲ್ಲ. ಆದರೆ ಬೇರೊಂದು ವಿಷಯ ಇದೆ. ಚೀಸ್ ಮಾಡಲು ಹಾಲು ಒಡೆಸಬೇಕು. ಹಿಂದೆ ಅದಕ್ಕೆ ಎಳೆ ಕರುವಿನ ಹೊಟ್ಟೆಯಿಂದ ತೆಗೆದ ರೆನೆಟ್ ಹಾಕುತ್ತಿದ್ದರು. ಅದರ ಬದಲು ಸೂಕ್ಷ್ಮಜೀವಿಗಳಿಂದ ತೆಗೆದದ್ದನ್ನು ಬಳಸಬಹುದು ಅಂತ 1990ರಲ್ಲಿ ಇಲ್ಲಿನ ಸರಕಾರ ಒಪ್ಪಿತು. ಈಗ ಹೆಚ್ಚಿನ ಚೀಸ್ ಅದರಿಂದಲೇ ಆಗುತ್ತದೆ. ತೊಂದರೆ ಏನಂದರೆ, ಡಬ್ಬಿಯ ಮೇಲೆ ಬರೀ ‘ಎನ್‌ಜೈಮ್ಸ್’ ಅಂತ ಬರೆದಿರುತ್ತಾರೆ. ಯಾವುದರದು ಅಂತ ಹೇಳುವುದಿಲ್ಲ. ನಮ್ಮಲ್ಲಿರುವ ಹಾಗೆ ಹಸಿರು ಚುಕ್ಕಿ ಇಲ್ಲಿ ಇಲ್ಲ. ಹಾಗಾಗಿ ಅಜ್ಜಿಗೆ ಯಾವುದನ್ನೂ ಕೊಡಬೇಡಿ. ಅವರಿಗೆ ಅಂತಲೇ ಬಾದಾಮಿ ಕಳಿಸಿದ್ದು.

ಮೂರನೆಯ ಪೊಟ್ಟಣ ಆನೀಸ್ ಕಂಪನಿಯ ಮೊಲದ ಬಿಸ್ಕತ್ತು. ಸಾವಯವ ಅಂತ ಹೆಸರು, ಬೆಲೆಯೂ ಜಾಸ್ತಿ. 2014ರಿಂದ ಅದೂ ಜನರಲ್ ಮಿಲ್ಸ್ ಎಂಬ ದೊಡ್ಡ ಕಂಪನಿಯದೇ. ರುಚಿ ಸಪ್ಪೆ. ನನ್ನನ್ನು ಕೇಳಿದರೆ ಮೊಲದ ಕಿವಿಗೆ ದುಡ್ಡು ಕೊಟ್ಟ ಹಾಗೆ. ಹೋಲಿಸಿ ನೋಡಲಿ ಅಂತ ಹಾಕಿದ್ದೇನೆ, ಅಷ್ಟೇ. ನಬಿಸ್ಕೊ ಕಂಪನಿಯ ಚೀಸ್ ನಿಪ್ಸ್ ಕೂಡ ಕಳಿಸಬೇಕು ಅಂತಿತ್ತು, ಈಗ ಸಿಗುವುದಿಲ್ಲ. 1955ರಿಂದ ಚೀಜ್-ಇಟ್ಟಿಗೆ ಎದುರಾಳಿಯಾಗಿತ್ತು. 2019ರಲ್ಲಿ ಹಿಟ್ಟು ಕೆರೆಯುವ ಸಲಕರಣೆಯ ಹಳದಿ ಪ್ಲಾಸ್ಟಿಕ್ ಚೂರು ಸೇರಿರಬಹುದು ಅಂತ ಡಬ್ಬಿಗಳನ್ನು ವಾಪಸ್ ಕರೆಸಿಕೊಂಡರು. 2020ರಲ್ಲಿ ಮಾಡುವುದನ್ನೇ ನಿಲ್ಲಿಸಿದರು.

ಇನ್ನು ನಿಮ್ಮ ಲೆಕ್ಕ. ಎರಡೂ ಕಂಪನಿಯವರು 30 ಗ್ರಾಂಗೆ ಲೆಕ್ಕ ಕೊಡುತ್ತಾರೆ. ಚೀಜ್-ಇಟ್ ಆದರೆ 27 ಬಿಸ್ಕತ್ತು, 150 ಕ್ಯಾಲರಿ, 8 ಗ್ರಾಂ ಕೊಬ್ಬು. ಗೋಲ್ಡ್‌ಫಿಶ್ ಆದರೆ 55 ಮೀನು, 140 ಕ್ಯಾಲರಿ, 5 ಗ್ರಾಂ ಕೊಬ್ಬು. ಸೋಡಿಯಂ ಎರಡರಲ್ಲೂ 200 ಮಿಲಿಗ್ರಾಂಗಿಂತ ಜಾಸ್ತಿ. ನಿಮಗೆ ಹತ್ತು ಚೌಕ ಸಾಕು, ಡಬ್ಬಿ ಮಡಿಲಲ್ಲಿ ಇಟ್ಟುಕೊಂಡು ಟಿವಿ ನೋಡಬೇಡಿ.

‘ಹೋಲ್ ಗ್ರೇನ್’ ಅಂತ ದೊಡ್ಡದಾಗಿ ಬರೆದ ಚೀಜ್-ಇಟ್ ಕೂಡ ಇತ್ತು, ಅದರ ಮೇಲೆ ಕೋರ್ಟಿನಲ್ಲಿ ಕೇಸೇ ಆಯಿತು. ಮುಂದೆ ಇಡೀ ಧಾನ್ಯ ಅಂತಿದ್ದರೂ ಒಳಗಿನ ಮುಖ್ಯ ಸರಕು ಬಿಳಿ ಹಿಟ್ಟು. ಎಷ್ಟು ಗ್ರಾಂ ಅಂತ ಬರೆದಿದ್ದೇವಲ್ಲ ಅನ್ನುವುದು ಕಂಪನಿಯ ವಾದ. ಕೆಳಗಿನ ಕೋರ್ಟು ಕೇಸು ತಳ್ಳಿಹಾಕಿತ್ತು. 2018ರಲ್ಲಿ ನ್ಯೂಯಾರ್ಕಿನ ಮೇಲ್ಮನವಿ ಕೋರ್ಟು ಮತ್ತೆ ನಡೆಯಲಿ ಅಂದಿತು. ಮುಂದೆ ಹಾದಿ ತಪ್ಪಿಸುವ ಮಾತು ಬರೆದು, ಗಿರಾಕಿ ಪಕ್ಕದ ಸಣ್ಣ ಅಕ್ಷರ ಹುಡುಕಲಿ ಅಂದರೆ ಆಗುವುದಿಲ್ಲ ಅನ್ನುವ ಅರ್ಥದಲ್ಲಿ ಹೇಳಿತು. ಡಬ್ಬಿ ಓದುವ ನಿಮ್ಮ ಅಭ್ಯಾಸಕ್ಕೆ ಅಮ್ಮ ಇನ್ನು ನಗುವ ಹಾಗಿಲ್ಲ.

ಹಂಚುವುದು ಹೀಗೆ. ಮೀನು, ಮೊಲ ಎರಡೂ ತಮ್ಮನ ಮಕ್ಕಳಿಗೆ. ಕೆಂಪು ಡಬ್ಬಿ ನಿಮಗೆ, ಅಮ್ಮನಿಗೆ. ಸಂಜೆ ಕಾಫಿ ಜೊತೆ ತಿನ್ನಿ, ಟೀ ಜೊತೆ ಅಷ್ಟು ಹೊಂದುವುದಿಲ್ಲ. ಒಳಗಿನ ಕವರನ್ನು ಕತ್ತರಿಯಲ್ಲಿ ಕತ್ತರಿಸಿ, ಎಳೆದು ಹರಿಯಬೇಡಿ. ಉಳಿದದ್ದನ್ನು ಬಿಗಿ ಮುಚ್ಚಳದ ಸ್ಟೀಲ್ ಡಬ್ಬಿಗೆ ಹಾಕಿ. ನಮ್ಮೂರ ಮಳೆಯಲ್ಲಿ ತೆರೆದಿಟ್ಟರೆ ಮಾರನೇ ದಿನವೇ ಮೆತ್ತಗಾಗುತ್ತದೆ. ಹಾಗಾದರೂ ಎಸೆಯಬೇಡಿ, ಬಾಣಲೆಯಲ್ಲಿ ಸಣ್ಣ ಉರಿಯಲ್ಲಿ ಸ್ವಲ್ಪ ಆಡಿಸಿದರೆ ಮತ್ತೆ ಗರಿ ಬರುತ್ತದೆ.

ವಾಣಿ ವಾಪಸ್ ಬರುವಾಗ ಅವಳ ಸೂಟ್‌ಕೇಸಿನಲ್ಲಿ ಜಾಗ ಇರುತ್ತದೆ ಅಂದಿದ್ದಾಳೆ. ಅಮ್ಮನ ಕೋಡುಬಳೆ ಕಳಿಸಿ. ಖಾರ ಕಮ್ಮಿ ಮಾಡುವುದು ಬೇಡ, ಅದಿತಿ ಈಗ ತಿನ್ನುತ್ತಾಳೆ.

ಅಜ್ಜಿಗೆ, ಅಮ್ಮನಿಗೆ ನಮಸ್ಕಾರ. ಮಕ್ಕಳಿಗೆ ಮುತ್ತು.

ನಿಮ್ಮ ಮಗಳು,
ಶುಭಾ