ಮಗುವಿನ ಕಾಯಿಲೆ ಕ್ಯಾಮೆರಾ ಮುಂದೆ

ಮಾನ್ಯ ಸಂಪಾದಕರೇ,

ಸ್ಕಿಜೋಫ್ರೇನಿಯಾ (ಇಲ್ಲದ ದನಿ ಕೇಳಿಸುವ, ಇಲ್ಲದ್ದು ಇದೆ ಎನಿಸುವಂಥ ತೀವ್ರ ಮಾನಸಿಕ ಕಾಯಿಲೆ) ಇರುವ ಪುಟ್ಟ ಮಕ್ಕಳ ಬಗ್ಗೆ ಅಮೆರಿಕದಲ್ಲಿ ತಯಾರಾದ ಟಿ.ವಿ. ಸಾಕ್ಷ್ಯಚಿತ್ರಗಳಲ್ಲಿ ಮಗು ಚೀರಾಡುವ ದೃಶ್ಯಗಳಿಗೇ ಹೆಚ್ಚು ಜಾಗ. ನಿದ್ದೆಗೆಟ್ಟ ತಂದೆ ತಾಯಿಯ ಪಾಡು ಲೋಕಕ್ಕೆ ತಿಳಿಯಬೇಕು, ನಿಜ. ಆದರೆ ಆರೇಳು ವರ್ಷದ ಮಗು ಚಿತ್ರೀಕರಣಕ್ಕೆ ಒಪ್ಪಿಗೆ ಕೊಡುವುದಾದರೂ ಹೇಗೆ? 13 ವರ್ಷಕ್ಕೆ ಮೊದಲೇ ಶುರುವಾಗುವ ಈ ಕಾಯಿಲೆ ತೀರಾ ವಿರಳ. ಅಮೆರಿಕದ ರಾಷ್ಟ್ರೀಯ ಮಾನಸಿಕ ಆರೋಗ್ಯ ಸಂಸ್ಥೆಯ ಅಧ್ಯಯನಕ್ಕೆ ಈ ಕಾಯಿಲೆಯ ಶಂಕೆಯಿಂದ ಕಳುಹಿಸಿದ ಬಹುಪಾಲು ಮಕ್ಕಳಿಗೆ ಇದ್ದದ್ದು ಬೇರೆಯೇ ತೊಂದರೆ. ನಾಳೆ ವೈದ್ಯರ ಅಭಿಪ್ರಾಯ ಬದಲಾದರೂ ಮಗುವಿನ ಹೆಸರು, ಮುಖ ಯೂಟ್ಯೂಬ್‌ನಲ್ಲಿ ಉಳಿದೇ ಇರುತ್ತದಲ್ಲ! ಚಿಕಿತ್ಸಾಲಯದಲ್ಲಿರುವವರ ಫೋಟೊ, ಮಾಹಿತಿಯನ್ನು ಅವರ ಒಪ್ಪಿಗೆಯಿಲ್ಲದೆ ಮಾಧ್ಯಮಕ್ಕೆ ಕೊಡಬಾರದೆಂದು ನಮ್ಮ 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆ ಹೇಳುತ್ತದೆ. ಇಲ್ಲಿ ಇಂಥ ಚಿತ್ರ ಮಾಡುವವರು ಮಗುವಿನ ಮುಖ ಮರೆಮಾಡಲಿ, ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮನಸ್‌ನ ಸಂಖ್ಯೆ 14416 ಅನ್ನು ತೆರೆಯ ಮೇಲೆ ತೋರಿಸಲಿ.

– ಒಬ್ಬ ತಾಯಿ, ಮೈಸೂರು