ಜ್ವಾಲಾಮುಖಿಗೆ ಬೆನ್ನು ಹಾಕಿದ ಕ್ಯಾಮೆರಾ

ಮೈಸೂರು

ಚಿ. ಮೇಧಾಳಿಗೆ ನಿನ್ನ ದೊಡ್ಡಪ್ಪ ಮಾಡುವ ಆಶೀರ್ವಾದಗಳು.

ಇಲ್ಲಿ ನಾವೆಲ್ಲ ಕ್ಷೇಮ. ಮೆಕ್ಸಿಕೊದ ಸಿನಿಮಾ ಕುರಿತ ನಿನ್ನ ಪ್ರಬಂಧದ ಕರಡನ್ನು ಎರಡು ಸಲ ಓದಿದೆ. ಭಾಷೆ ಹದವಾಗಿದೆ, ಶ್ರದ್ಧೆಯೂ ಕಾಣುತ್ತದೆ. ಆದರೆ ನೀನು 2000ದ ‘ಅಮೋರೆಸ್ ಪೆರ್ರೋಸ್’ನಿಂದ ಆರಂಭಿಸಿ, ಕುವರೋನ್, ಇನ್ಯಾರಿತು, ದೆಲ್ ತೋರೊ ಎಂಬ ಮೂವರು ಆರು ವರ್ಷಗಳಲ್ಲಿ ಐದು ಸಲ ನಿರ್ದೇಶನದ ಆಸ್ಕರ್ ಪಡೆದಲ್ಲಿಗೆ ತಂದು ಮುಗಿಸಿದ್ದೀಯೆ. ಅದು ಸುಗ್ಗಿಯ ದಿನ ಕಣಕ್ಕೆ ಬಂದವರು ಹೇಳುವ ಕಥೆ. ಆ ಐದು ಚಿತ್ರಗಳಲ್ಲಿ ‘ರೋಮಾ’ ಒಂದನ್ನು ಬಿಟ್ಟರೆ ಉಳಿದ ನಾಲ್ಕೂ ಹಾಲಿವುಡ್ಡಿನವು ಎಂಬುದನ್ನಾದರೂ ನೀನು ಗಮನಿಸಬೇಕಿತ್ತು.

ನನ್ನ ಮಾತು ಕೇಳುವುದಾದರೆ 1936ರಿಂದ ಆರಂಭಿಸು. ಆ ವರ್ಷ ನಿರ್ದೇಶಕ ಫೆರ್ನಾಂದೊ ದೆ ಫುಯೆಂತೆಸ್ ಎರಡು ಚಿತ್ರಗಳನ್ನು ತೆರೆಗೆ ತಂದರು. ಕ್ರಾಂತಿಯ ಹೆಸರಿನಲ್ಲಿ ಮನೆಬಿಟ್ಟು ಹೊರಟ ಹಳ್ಳಿಗರು ಒಬ್ಬೊಬ್ಬರಾಗಿ ವ್ಯರ್ಥವಾಗಿ ಸಾಯುವುದನ್ನು ತೋರಿಸಿದ, ಮೆಕ್ಸಿಕೊ ಕ್ರಾಂತಿಯ ನಾಯಕ ಪಾಂಚೊ ವಿಯಾನ ಸೇನೆಯ ಕುರಿತ ಚಿತ್ರವನ್ನು ಜನ ಕೈಹಿಡಿಯಲಿಲ್ಲ. ಇನ್ನೊಂದು ‘ಅಯಾ ಎನ್ ಎಲ್ ರಾಂಚೊ ಗ್ರಾಂದೆ’. ಅದರಲ್ಲಿ ಅಗಲ ಟೊಪ್ಪಿಗೆಯ ಕುದುರೆ ಸವಾರರು ಹಾಡುತ್ತಾರೆ, ಜಮೀನ್ದಾರನು ತಂದೆಯಂತಿರುತ್ತಾನೆ, ಆಳುಗಳು ಸಂತೃಪ್ತರಾಗಿರುತ್ತಾರೆ. ಅಧ್ಯಕ್ಷ ಲಾಸಾರೊ ಕಾರ್ದೆನಾಸ್ ದೊಡ್ಡ ಎಸ್ಟೇಟುಗಳನ್ನು ಒಡೆದು ರೈತರಿಗೆ ಹಂಚುತ್ತಿದ್ದ ದಿನಗಳಲ್ಲಿಯೇ ತೆರೆಯ ಮೇಲೆ ಈ ಸುಖೀ ಜಮೀನ್ದಾರಿ ಮೆರೆಯುತ್ತಿತ್ತು. ಸ್ಪ್ಯಾನಿಷ್ ಆಡುವ ದೇಶಗಳೆಲ್ಲ ಅದನ್ನು ಮುಗಿಬಿದ್ದು ನೋಡಿದವು. ಒಂದೇ ಕೈಯಿಂದ ಬಂದ ಎರಡರಲ್ಲಿ ಯಾವುದು ದೇಶದ ಮುಖವಾಗಿ ಉಳಿಯಿತು ಎಂದು ಕೇಳಿಕೊಂಡರೆ ನಿನ್ನ ಪ್ರಬಂಧಕ್ಕೆ ಬೆನ್ನೆಲುಬು ಸಿಕ್ಕಂತೆಯೇ.

ಅಲ್ಲಿಂದ ಮುಂದೆ ಸುಮಾರು ಇಪ್ಪತ್ತು ವರ್ಷ ಅವರ ಸುವರ್ಣಯುಗ. ಎರಡನೆಯ ಮಹಾಯುದ್ಧದ ಕಾಲದಲ್ಲಿ ಅಮೆರಿಕ ತನ್ನ ಮಿತ್ರನಾದ ಮೆಕ್ಸಿಕೊಗೆ ಕಚ್ಚಾ ಫಿಲ್ಮ್ ಧಾರಾಳವಾಗಿ ಕೊಟ್ಟು, ತಟಸ್ಥವಾಗಿದ್ದ ಅರ್ಜೆಂಟೀನಾಕ್ಕೆ ಬಿಗಿಹಿಡಿದದ್ದೂ ಅದಕ್ಕೆ ಒಂದು ಕಾರಣ. ಪ್ರತಿಭೆಯ ಜೊತೆಗೆ ಇಂಥ ಲೆಕ್ಕಾಚಾರವನ್ನೂ ಬರೆಯಲು ಹಿಂಜರಿಯಬೇಡ. ಎಮಿಲಿಯೊ ಫೆರ್ನಾಂದೆಸ್ ನಿರ್ದೇಶಿಸಿದ ‘ಮರಿಯಾ ಕಾಂದೆಲಾರಿಯಾ’ದಲ್ಲಿ ಹಾಲಿವುಡ್ಡಿನಿಂದ ಮರಳಿದ ದೊಲೋರೆಸ್ ದೆಲ್ ರಿಯೊ ಸೋಚಿಮಿಲ್ಕೊದ ಕಾಲುವೆಗಳಲ್ಲಿ ಹೂ ಮಾರುವ ಮೂಲನಿವಾಸಿ ಹೆಣ್ಣಾದರು. 1946ರಲ್ಲಿ ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ಅದಕ್ಕೆ ಪರಮೋಚ್ಚ ಪ್ರಶಸ್ತಿ ಬಂತು. ಆ ಸಲ ಪ್ರಶಸ್ತಿಯನ್ನು ಹಂಚಿಕೊಂಡ ಹನ್ನೊಂದು ಚಿತ್ರಗಳಲ್ಲಿ ನಮ್ಮ ಚೇತನ್ ಆನಂದರ ‘ನೀಚಾ ನಗರ್’ ಕೂಡ ಇತ್ತೆಂಬುದನ್ನು ಅಡಿಟಿಪ್ಪಣಿಯಲ್ಲಿ ಸೇರಿಸಿದರೆ ನನಗೆ ಸಂತೋಷ. ಛಾಯಾಗ್ರಾಹಕ ಗಾಬ್ರಿಯೆಲ್ ಫಿಗೆರೋವಾ ಫಿಲ್ಟರುಗಳಿಂದ ಆಕಾಶವನ್ನು ಕಡುಗಪ್ಪಾಗಿಸಿ, ಅದರ ಮೇಲೆ ಬೆಳ್ಳನೆಯ ಮೋಡಗಳನ್ನು ಭಿತ್ತಿಚಿತ್ರದಂತೆ ನಿಲ್ಲಿಸುತ್ತಿದ್ದರು. ಗೋಡೆಗಳ ಮೇಲೆ ಚಿತ್ರ ಬರೆಯುತ್ತಿದ್ದ ರಿವೇರಾ, ಒರೋಸ್ಕೊ ಮೊದಲಾದ ಕಲಾವಿದರಿಂದ ಅವರು ಕಲಿತದ್ದು ಬಹಳ. ಮೆಕ್ಸಿಕೊ ಎಂದೊಡನೆ ಕಣ್ಣಿಗೆ ಕಟ್ಟುವ ಆಕಾಶ ಬಹುಮಟ್ಟಿಗೆ ಅವರು ಕೊಟ್ಟದ್ದು.

ಪ್ರಭಾವವೆಂದರೆ ಪ್ರಶಸ್ತಿಗಳ ಪಟ್ಟಿ ಎಂದು ನೀನು ತಿಳಿದಿರುವಂತಿದೆ. ಹಾಗಲ್ಲ ಮಗಳೇ. ಹಾಸ್ಯನಟ ಕಾಂತಿನ್‌ಫ್ಲಾಸ್ ಬಾಯ್ತುಂಬ ಮಾತನಾಡಿ ಏನನ್ನೂ ಹೇಳದೆ ಜಾರಿಕೊಳ್ಳುತ್ತಿದ್ದ ರೀತಿ ಎಷ್ಟು ಹಬ್ಬಿತೆಂದರೆ, ಅವನ ಹೆಸರಿನಿಂದಲೇ ಹುಟ್ಟಿದ ಕ್ರಿಯಾಪದವೊಂದು ಸ್ಪ್ಯಾನಿಷ್ ನಿಘಂಟನ್ನು ಸೇರಿತು. ಇನ್ನೂ ವಿಚಿತ್ರವಾದದ್ದು ಯುಗೊಸ್ಲಾವಿಯಾದ ಕಥೆ. 1948ರಲ್ಲಿ ಸ್ಟಾಲಿನ್ ಜೊತೆ ಕೆಡಿಸಿಕೊಂಡ ಅಲ್ಲಿನ ನಾಯಕ ಟಿಟೊಗೆ ರಷ್ಯದ ಚಿತ್ರಗಳೂ ಬೇಡವಾದವು, ಹಾಲಿವುಡ್ಡೂ ಒಗ್ಗಲಿಲ್ಲ. ಕ್ರಾಂತಿಯ ಕಥೆ ಹೇಳುವ ಮೆಕ್ಸಿಕೊದ ಚಿತ್ರಗಳನ್ನು ತರಿಸಿದರು. ಫೆರ್ನಾಂದೆಸ್‌ರ ಒಂದು ಕಣ್ಣೀರಿನ ಚಿತ್ರಕ್ಕೆ ಅಲ್ಲಿನ ಜನ ಎಷ್ಟು ಮರುಳಾದರೆಂದರೆ, ಬೆಲ್‌ಗ್ರೇಡಿನ ಗಾಯಕರು ಸೊಂಬ್ರೆರೊ ಎಂಬ ಆ ಅಗಲ ಟೊಪ್ಪಿಗೆ ತೊಟ್ಟು ತಮ್ಮದೇ ಭಾಷೆಯಲ್ಲಿ ಮೆಕ್ಸಿಕೊದ ಮರಿಯಾಚಿ ಶೈಲಿಯ ಹಾಡುಗಳನ್ನು ಹಾಡಿ ರೆಕಾರ್ಡು ಮಾರಿದರು. ಇದಕ್ಕೆ ನಿನ್ನ ಕರಡಿನಲ್ಲಿ ಒಂದು ಸಾಲಿನ ಜಾಗವೂ ಇಲ್ಲ.

ಇನ್ನು ಲೂಯಿಸ್ ಬುನ್ಯುಯೆಲ್. ಸ್ಪೇನಿನಿಂದ ದೇಶಭ್ರಷ್ಟರಾಗಿ ಬಂದ ಈ ಮನುಷ್ಯ 1950ರಲ್ಲಿ ಮೆಕ್ಸಿಕೊ ನಗರದ ಕೊಳೆಗೇರಿ ಹುಡುಗರ ಕಥೆಯಾದ ‘ಲೋಸ್ ಓಲ್ವಿದಾದೋಸ್’ ಮಾಡಿದರು. ಕಡೆಯಲ್ಲಿ ಸತ್ತ ಹುಡುಗನ ಹೆಣವನ್ನು ಕತ್ತೆಯ ಮೇಲೆ ಹೇರಿ ತಂದು ತಿಪ್ಪೆಯ ಇಳಿಜಾರಿಗೆ ಉರುಳಿಸುತ್ತಾರೆ. ದೇಶದ ಮಾನ ಕಳೆದರೆಂದು ಗದ್ದಲವೆದ್ದು ಕೆಲವೇ ದಿನಗಳಲ್ಲಿ ಚಿತ್ರವನ್ನು ಥಿಯೇಟರಿನಿಂದ ತೆಗೆದರು. ಮರುವರ್ಷ ಕಾನ್‌ನಲ್ಲಿ, ಮುಂದೆ ದೆಹಲಿಗೆ ರಾಯಭಾರಿಯಾಗಿ ಬರಲಿದ್ದ ಕವಿ ಒಕ್ತಾವಿಯೊ ಪಾಸ್, ಚಿತ್ರದ ಪರವಾಗಿ ತಾವೇ ಬರೆದ ಲೇಖನವನ್ನು ಬಂದವರ ಕೈಗೆ ಹಂಚಿದರು. ಬುನ್ಯುಯೆಲ್‌ಗೆ ನಿರ್ದೇಶನದ ಪ್ರಶಸ್ತಿ ಸಿಕ್ಕ ಮೇಲೆ ತವರಿನಲ್ಲೂ ಜನ ನೋಡಿದರು. ಈ ಚಿತ್ರಕ್ಕೆ ಕ್ಯಾಮೆರಾ ಹಿಡಿದವರು ಅದೇ ಫಿಗೆರೋವಾ ಎಂಬುದನ್ನು ಮರೆಯಬೇಡ. 1958ರಲ್ಲಿ ‘ನಸಾರಿನ್’ ಚಿತ್ರೀಕರಣದಲ್ಲಿ ಇಬ್ಬರೂ ಮತ್ತೆ ಕೂಡಿದಾಗ ಫಿಗೆರೋವಾ ಹಿನ್ನೆಲೆಗೆ ಪೊಪೊಕಾತೆಪೆತ್ಲ್ ಜ್ವಾಲಾಮುಖಿ, ಮೇಲೆ ತಮ್ಮ ಹೆಸರಾಂತ ಬಿಳಿಮೋಡ, ಹೀಗೆ ಕುಂದಿಲ್ಲದ ಚೌಕಟ್ಟೊಂದನ್ನು ಸಿದ್ಧಮಾಡಿಟ್ಟರಂತೆ. ಬುನ್ಯುಯೆಲ್ ಬಂದು ನೋಡಿ, ಕ್ಯಾಮೆರಾವನ್ನು ಹಿಂದಕ್ಕೆ ತಿರುಗಿಸಿ, ಯಾವ ವಿಶೇಷವೂ ಇಲ್ಲದ ಬಯಲಿನ ಕಡೆಗೆ ಇಟ್ಟರು. ಇದನ್ನು ಅವರೇ ತಮ್ಮ ನೆನಪುಗಳಲ್ಲಿ ಹೇಳಿಕೊಂಡಿದ್ದಾರೆ. ಫಿಲ್ಮ್ ಸೊಸೈಟಿಯಲ್ಲಿ ಆ ಚಿತ್ರ ನೋಡಿದ ರಾತ್ರಿ ನನಗೆ ಇದು ತಿಳಿದಿರಲಿಲ್ಲ. ತಿಳಿದ ಮೇಲೆ ಎರಡನೆಯ ಸಲ ನೋಡಿದಾಗ, ಕಾಣದ ಆ ಪರ್ವತವೇ ಕಣ್ಣ ಮುಂದಿತ್ತು.

ಅವನತಿಯ ಅಧ್ಯಾಯವನ್ನು ಚಿಕ್ಕದಾಗಿಸು, ಬಿಡಬೇಡ. ನಿರ್ದೇಶಕರ ಸಂಘವು ಹೊಸಬರಿಗೆ ಬಾಗಿಲು ಹಾಕಿಕೊಂಡು ಕೂತದ್ದು, ಮುಖವಾಡದ ಕುಸ್ತಿಪಟು ಎಲ್ ಸಾಂತೊ ರಕ್ತಪಿಶಾಚಿಗಳೊಡನೆ ಕಾದಾಡಿದ್ದು (ನನಗೆ ಅವು ಇಷ್ಟವೇ), 1982ರ ಮಾರ್ಚ್‌ನಲ್ಲಿ ರಾಷ್ಟ್ರೀಯ ಚಿತ್ರಭಂಡಾರಕ್ಕೆ ಬೆಂಕಿ ಬಿದ್ದು ಸಾವಿರಾರು ಚಿತ್ರಗಳು ಬೂದಿಯಾದದ್ದು, ಇಷ್ಟಾದರೂ ಇರಲಿ.

ಇದೆಲ್ಲ ಆದ ಮೇಲೆ ಕುವರೋನ್‌ರ ‘ರೋಮಾ’ವನ್ನು ಇನ್ನೊಮ್ಮೆ ನೋಡು. ಮೊದಲ ದೃಶ್ಯದಲ್ಲಿ ಕ್ಯಾಮೆರಾ ನೆಲದ ಹಾಸುಬಿಲ್ಲೆಗಳನ್ನೇ ನೋಡುತ್ತಿರುತ್ತದೆ. ಮಿಶ್ತೆಕ್ ಎಂಬ ಮೂಲನಿವಾಸಿ ಭಾಷೆಯ ಮನೆಕೆಲಸದ ಹುಡುಗಿ ತೊಳೆದ ನೀರು ಅಲೆಯಾಗಿ ಬರುತ್ತದೆ. ಆ ಸೋಪಿನ ನೀರಿನಲ್ಲಿ ಆಕಾಶದ ಒಂದು ತುಂಡು, ಅದರಲ್ಲಿ ಹಾದುಹೋಗುವ ವಿಮಾನ. ನಿನ್ನ ಕರಡಿನಲ್ಲಿ ಇದನ್ನು ‘ಸುಂದರ ಛಾಯಾಗ್ರಹಣ’ ಎಂದಷ್ಟೇ ಬರೆದಿದ್ದೀಯೆ. ಫಿಗೆರೋವಾರ ಆಕಾಶವನ್ನೂ ಬುನ್ಯುಯೆಲ್‌ರ ಬಯಲನ್ನೂ ನೋಡಿ ಬಂದ ಮೇಲೆ ಆ ಸಾಲನ್ನು ನೀನೇ ಹೊಡೆದುಹಾಕುತ್ತೀಯೆ.

ಮುಂದಿನ ಕರಡು ಕಳಿಸುವಾಗ ಅಕ್ಷರ ಸ್ವಲ್ಪ ದೊಡ್ಡದಿರಲಿ. ದೊಡ್ಡಮ್ಮ ನಿನ್ನನ್ನು ಕೇಳಿದ್ದಾಳೆ.

ಇಂತಿ,
ನಿನ್ನ ದೊಡ್ಡಪ್ಪ